ಹಯಾ ಮತ್ತು ದಾಂಪತ್ಯದ ಏಕಾಂತ

ಇಸ್ಲಾಮೀ ನೀತಿವಿಚಾರದಲ್ಲಿ ‘ಹಯಾ’ ಎಂಬ ಶಬ್ದಕ್ಕೆ ಹಿರಿದಾದ ಸ್ಥಾನವಿದೆ. ಲಜ್ಜೆ, ಸಂಕೋಚ, ಮರ್ಯಾದೆ ಈ ಮೂರೂ ಅದರಲ್ಲಿ ಅಡಗಿವೆ. ಅದು ಧರ್ಮಶ್ರದ್ಧೆಯ ಒಂದು ಶಾಖೆಯೆಂದು ಪ್ರವಾದಿಗಳ ವಚನವುಂಟು. ಆದರೆ ಈ ಲಜ್ಜೆಯು ದಾಂಪತ್ಯಸುಖಕ್ಕೆ ವಿರೋಧಿಯಲ್ಲ. ಕುರಾನಿನ ಎರಡನೆಯ ಅಧ್ಯಾಯವು ಗಂಡಹೆಂಡಿರನ್ನು ಪರಸ್ಪರರ ಉಡುಪಿಗೆ ಹೋಲಿಸಿದೆ. ಉಡುಪು ಮೈಗೆ ಅತಿ ಸಮೀಪವಾದುದು. ಮೈಯನ್ನು ಮರೆಮಾಡುವುದೂ ಅದೇ. ಆದುದರಿಂದಲೇ ಶಯನಗೃಹದ ಗುಟ್ಟನ್ನು ಹೊರಗೆ ಆಡುವುದನ್ನು ಹದೀಸು ಖಂಡಿಸುತ್ತದೆ. ಅರಿವನ್ನು ಮಾತ್ರ ಅದು ತಡೆಯುವುದಿಲ್ಲ. ಶುದ್ಧಿಸ್ನಾನವೇ ಮೊದಲಾದ ವಿಷಯಗಳನ್ನು ಕೇಳಿ ತಿಳಿಯಲು ಮದೀನಾದ ಸ್ತ್ರೀಯರಿಗೆ ಲಜ್ಜೆ ಅಡ್ಡಿಯಾಗಲಿಲ್ಲವೆಂದು ಆಯಿಷಾ ಅವರನ್ನು ಪ್ರಶಂಸಿಸಿದರು.

ಹೀಗೆ ಮರೆಯಲ್ಲಿರತಕ್ಕ ಸಂಬಂಧವು ಪರರ ತೀರ್ಮಾನಕ್ಕೆ ಒಳಗಾದರೆ ಆಗುವ ಅನರ್ಥವನ್ನು ಕನ್ನಡಿಗರಿಗೆ ತಿಳಿಸಿದವರು ಸಾರಾ ಅಬೂಬಕ್ಕರ್ (1936-2023). ಅವರ ಜನ್ಮಸ್ಥಳವಾದ ಕಾಸರಗೋಡು 1956ರಲ್ಲಿ ಕೇರಳಕ್ಕೆ ಸೇರಿತು. ಅಲ್ಲಿಯ ನದಿಯ ಹೆಸರನ್ನೇ ಹೊತ್ತ ‘ಚಂದ್ರಗಿರಿಯ ತೀರದಲ್ಲಿ’ ಎಂಬ ಅವರ ಕಾದಂಬರಿ 1980ರ ದಶಕದ ಆರಂಭದಲ್ಲಿ ‘ಲಂಕೇಶ್ ಪತ್ರಿಕೆ’ಯಲ್ಲಿ ಧಾರಾವಾಹಿಯಾಗಿ ಬಂದಿತು. ತಂದೆಯ ಹಟದಿಂದ ನಾದಿರಾ ಗಂಡನಿಂದ ತಲಾಖು ಪಡೆಯುತ್ತಾಳೆ. ಮತ್ತೆ ಅವನನ್ನು ಸೇರಬೇಕಾದರೆ ಪರಪುರುಷನೊಬ್ಬನನ್ನು ಮದುವೆಯಾಗಿ ಒಂದು ರಾತ್ರಿ ಕಳೆಯಬೇಕೆಂಬ ನಿಬಂಧನೆ ಎದುರಾಗುತ್ತದೆ. ಅವಳು ಸಾವನ್ನೇ ಆರಿಸಿಕೊಳ್ಳುತ್ತಾಳೆ.

ಮೂರನೆಯ ತಲಾಖಿನ ಬಳಿಕ ಹೆಂಡತಿ ಬೇರೊಬ್ಬನನ್ನು ವರಿಸಿ, ಆ ವಿವಾಹವೂ ಮುಗಿದ ಹೊರತು ಮೊದಲಿನವನಿಗೆ ಸಲ್ಲಳೆಂಬುದು ಕುರಾನಿನ ವಿಧಿ. ದುಡುಕಿನ ವಿಚ್ಛೇದನಕ್ಕೆ ಇದು ಕಡಿವಾಣವೆಂದು ವ್ಯಾಖ್ಯಾನಕಾರರು ಹೇಳುವರು. ಈ ಉದ್ದೇಶಕ್ಕಾಗಿಯೇ ಹೂಡಿದ ಮದುವೆಯನ್ನು ಪ್ರವಾದಿಗಳು ಶಪಿಸಿದರೆಂದು ಹದೀಸುಗಳಲ್ಲಿದೆ. ಅಂದಮೇಲೆ ನಾದಿರಾಳ ಮೇಲೆ ಹೇರಿದ ಆ ಒಂದು ರಾತ್ರಿ ಧರ್ಮದ ಹೆಸರಿನಲ್ಲಿ ‘ಹಯಾ’ವನ್ನೇ ಕೆಡಿಸುವಂಥದು. ಅವಳ ಲಜ್ಜೆಯನ್ನು ಕಾಯುವೆವೆಂದವರೇ ಅವಳ ಶಯ್ಯೆಯನ್ನು ಊರಿನ ಚರ್ಚೆಗೆ ಒಡ್ಡಿದರು. ಅವಳ ಸಮ್ಮತಿಯನ್ನು ಕೇಳಿದವರಿಲ್ಲ.

ಒಮ್ಮೆಗೇ ಉಚ್ಚರಿಸುವ ಮೂರು ತಲಾಖನ್ನು ಸುಪ್ರೀಂ ಕೋರ್ಟು 2017ರ ಆಗಸ್ಟ್ 22ರಂದು ಅಸಿಂಧುವೆಂದು ಸಾರಿತು. 2019ರ ಕಾನೂನು ಅದನ್ನು ಮೂರು ವರ್ಷದವರೆಗಿನ ಕಾರಾಗೃಹವಾಸಕ್ಕೆ ಅರ್ಹವಾದ ಅಪರಾಧವೆಂದು ವಿಧಿಸಿತು. ಕೊಚ್ಚಿಯಲ್ಲಿರುವ ಕೇರಳ ಹೈಕೋರ್ಟು 2021ರಲ್ಲಿ ತನ್ನ 1972ರ ತೀರ್ಪನ್ನು ತಳ್ಳಿಹಾಕಿ, ನ್ಯಾಯಾಲಯದ ಹೊರಗೆ ‘ಖುಲಾ’ದಿಂದ ಬಿಡುಗಡೆ ಪಡೆಯುವ ಹಕ್ಕು ಹೆಂಡತಿಗುಂಟೆಂದು ಎತ್ತಿಹಿಡಿಯಿತು. ಹೋಗುವ ಸ್ವಾತಂತ್ರ್ಯವುಳ್ಳವಳು ಉಳಿದರೆ ಮಾತ್ರ ಆ ಸಾಮೀಪ್ಯಕ್ಕೆ ಬೆಲೆಯುಂಟು. ಲಜ್ಜೆಯು ಹೆಣ್ಣಿನ ಮೈಮೇಲಿನ ಮುಸುಕು ಮಾತ್ರವಲ್ಲ. ಅವಳ ಒಪ್ಪಿಗೆಗೆ ಇತರರು ತೋರತಕ್ಕ ಗೌರವವೂ ಹೌದು.