ಗಿರಣಿ ಕಾರ್ಮಿಕರ ಬದುಕನ್ನು ಇತಿಹಾಸವಾಗಿಸಿದ ರಾಜನಾರಾಯಣ್ ಚಂದಾವರ್ಕರ್

ಮುಂಬಯಿ: ಪರೇಲ್, ಲಾಲ್‌ಬಾಗ್, ವರ್ಲಿ ಪರಿಸರದ ಚಾಳುಗಳಲ್ಲಿ ಒಂದು ಕಾಲಕ್ಕೆ ಗಡಿಯಾರ ನೋಡುವ ಅಗತ್ಯವೇ ಇರಲಿಲ್ಲ. ಗಿರಣಿಯ ಭೋಂಗಾ ಕೂಗಿದರೆ ಪಾಳಿ ಬದಲಾಗುವ ಹೊತ್ತಾಯಿತೆಂದು ಎಲ್ಲರಿಗೂ ತಿಳಿಯುತ್ತಿತ್ತು. 1854ರಲ್ಲಿ ಕಾವಸ್‌ಜಿ ದಾವರ್ ಅವರು ಹತ್ತಿ ಗಿರಣಿ ಸ್ಥಾಪಿಸಲು ಮುಂದಾದಾಗಿನಿಂದ ಬೆಳೆದ ಈ ಗಿರಣಗಾಂವ್‌ನ ಬದುಕನ್ನು ಆಳವಾಗಿ ಅಧ್ಯಯನ ಮಾಡಿದವರಲ್ಲಿ ಇತಿಹಾಸಕಾರ ರಾಜನಾರಾಯಣ್ ಚಂದಾವರ್ಕರ್ ಪ್ರಮುಖರು.

ಉತ್ತರ ಕನ್ನಡದ ಚಂದಾವರವನ್ನು ನೆನಪಿಸುವ ಅಡ್ಡಹೆಸರಿನ ಅವರು ಇಂಗ್ಲೆಂಡಿನ ಕೇಂಬ್ರಿಜ್ ವಿಶ್ವವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದರು. 1900ರಿಂದ 1940ರವರೆಗಿನ ಮುಂಬಯಿಯ ಉದ್ಯಮ ಹಾಗೂ ಕಾರ್ಮಿಕರ ಕುರಿತ ಅವರ ಬೃಹತ್ ಗ್ರಂಥ 1994ರಲ್ಲಿ ಪ್ರಕಟವಾಯಿತು.

ಗಿರಣಿ ಕಾರ್ಮಿಕರು ಅರ್ಧ ರೈತರು, ಊರಿನ ಸೆಳೆತ ಬಿಡಲಾರದವರು, ಆದ್ದರಿಂದ ಶಿಸ್ತಿಗೆ ಒಗ್ಗದವರು ಎಂಬ ಮಾತು ಬ್ರಿಟಿಷರ ಕಾಲದಲ್ಲಿ ರೂಢಿಯಲ್ಲಿತ್ತು. ಚಂದಾವರ್ಕರ್ ಇದನ್ನು ಒಪ್ಪಲಿಲ್ಲ. ಬೇಡಿಕೆ ಇಳಿದಾಗ ಮಾಲಕರು ಕೆಲಸಗಾರರನ್ನು ಕಡಿಮೆ ಮಾಡುತ್ತಿದ್ದರು. 'ಬದಲಿ' ಕಾರ್ಮಿಕರು ಕೆಲಸ ಸಿಕ್ಕೀತೇ ಎಂದು ಪ್ರತಿ ಮುಂಜಾನೆ ಗಿರಣಿಯ ಬಾಗಿಲಲ್ಲಿ ಕಾಯಬೇಕಿತ್ತು. ಇಂಥ ಅಭದ್ರತೆಯಲ್ಲಿ ಊರಿನ ತುಂಡು ಭೂಮಿಯೇ ಅವರಿಗೆ ಆಸರೆ. ಅದನ್ನು ಉಳಿಸಿಕೊಳ್ಳಲೆಂದೇ ಅವರು ನಗರದಲ್ಲಿ ದುಡಿದು ಹಣ ಕಳುಹಿಸುತ್ತಿದ್ದರು.

ಕಾರ್ಮಿಕರ ಜೀವನ ಗಿರಣಿಯೊಳಗೆ ಮುಗಿಯುತ್ತಿರಲಿಲ್ಲ ಎಂಬುದನ್ನೂ ಅವರು ತೋರಿಸಿಕೊಟ್ಟರು. ಕೆಲಸ ಕೊಡಿಸುವ ಮುಕಾದಮ, ಸಾಲಕ್ಕೆ ದಿನಸಿ ಕೊಡುವ ಅಂಗಡಿಯಾತ, ಖಾನಾವಳಿ, ಒಂದೇ ಖೋಲಿಯಲ್ಲಿ ಮಲಗುವ ಊರವರು, ಇವರೆಲ್ಲರ ನಂಟಿನಿಂದಲೇ ಸಂಸಾರ ಸಾಗುತ್ತಿತ್ತು. 1928ರ ಮುಷ್ಕರ ಸುಮಾರು 6 ತಿಂಗಳು ನಡೆದಾಗ ಕೈಹಿಡಿದದ್ದೂ ಊರು ಮತ್ತು ಕೇರಿಯ ಈ ನಂಟುಗಳೇ.

1982ರ ಜನವರಿ 18ರಂದು ದತ್ತಾ ಸಾಮಂತ್ ಅವರ ನೇತೃತ್ವದಲ್ಲಿ ಆರಂಭವಾದ ಮುಷ್ಕರದಲ್ಲಿ ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಭಾಗಿಯಾದರು. ಆ ಬಳಿಕ ಒಂದೊಂದೇ ಗಿರಣಿ ಮುಚ್ಚಿ, ಆ ಜಾಗದಲ್ಲಿ ಮಾಲ್‌ಗಳು, ಗಗನಚುಂಬಿ ಕಟ್ಟಡಗಳು ಎದ್ದವು. ನೀರಾ ಅಡಾರ್ಕರ್ ಮತ್ತು ಮೀನಾ ಮೆನನ್ ಅವರು ಕಾರ್ಮಿಕರನ್ನೇ ಮಾತನಾಡಿಸಿ, ಅವರ ನೆನಪುಗಳನ್ನು ಸಂಗ್ರಹಿಸಿ 2004ರಲ್ಲಿ ಹೊರತಂದ ಕೃತಿಗೆ ಚಂದಾವರ್ಕರ್ ದೀರ್ಘ ಪ್ರಸ್ತಾವನೆ ಬರೆದರು. 2006ರಲ್ಲಿ ಅವರು ನಿಧನರಾದರು.

ಊರಿಗೆ ಮನಿಯಾರ್ಡರ್ ಕಳುಹಿಸಿದ, ಹಗಲು ಹೋಟೆಲಿನಲ್ಲಿ ದುಡಿದು ರಾತ್ರಿಶಾಲೆಯಲ್ಲಿ ಕಲಿತ ತುಳು-ಕನ್ನಡಿಗರಿಗೆ ಈ ಚರಿತ್ರೆ ಪರಕೀಯವೇನಲ್ಲ. ಆ ತಲೆಮಾರಿನ ಹಿರಿಯರು ಒಬ್ಬೊಬ್ಬರಾಗಿ ಅಗಲುತ್ತಿದ್ದಾರೆ. ಸನ್ಮಾನದ ವೇದಿಕೆಯಲ್ಲಿ ಶಾಲು ಹೊದಿಸುವ ನಮ್ಮ ಸಂಘ ಸಂಸ್ಥೆಗಳು, ಅವರ ಬಳಿ ಒಂದು ತಾಸು ಕುಳಿತು ಮೊದಲ ಸಂಬಳ, ಮೊದಲ ಖೋಲಿ, ಕೆಲಸ ಕೊಡಿಸಿದವರ ಹೆಸರನ್ನು ಕೇಳಿ ಬರೆದಿಟ್ಟರೆ ಮುಂದಿನ ಪೀಳಿಗೆಗೆ ಅದೇ ದೊಡ್ಡ ಕೊಡುಗೆಯಾದೀತು.