ಜವಳಿ ಮಳಿಗೆಯ ವಾದ್ಯವೃಂದ

ಬಳ್ಳಾರಿಯ ಜವಳಿ ವರ್ತಕರು ಒಂದು ವಾದ್ಯವೃಂದವನ್ನು ಸಾಕಬೇಕೆಂದು ನಾವು ಬರೆದರೆ ವಾಚಕರಲ್ಲಿ ಅನೇಕರು ನಕ್ಕಾರು. ಹತ್ತಿಯ ಅಂಡಿಗೆಗೂ ಪಿಟೀಲಿಗೂ ಎಲ್ಲಿಯ ನಂಟು ಎಂದು ಕೇಳಿಯಾರು. ಆದರೆ ಜರ್ಮನಿಯ ಲೈಪ್‌ಜಿಗ್ ಪಟ್ಟಣದಲ್ಲಿ ಈ ನಂಟು ಎರಡೂವರೆ ಶತಮಾನಗಳಿಂದ ನಡೆದುಬಂದಿದೆ. ಅಲ್ಲಿಯ ಜಗದ್ವಿಖ್ಯಾತ ವಾದ್ಯವೃಂದದ ಹೆಸರು ಗೆವಾಂಡ್‌ಹೌಸ್. ಆ ಶಬ್ದಕ್ಕೆ ಜವಳಿಯ ಮಳಿಗೆಯೆಂದೇ ಅರ್ಥ.

ಆ ಕಾಲದ ಜರ್ಮನಿಯಲ್ಲಿ ಸಂಗೀತವೆಂದರೆ ಬಹುಮಟ್ಟಿಗೆ ಅರಮನೆಯ ಸೊತ್ತು. ನೆರೆಯ ಡ್ರೆಸ್ಡೆನ್ನಿನ ವಾದ್ಯವೃಂದವನ್ನು 1548ರಲ್ಲಿ ಕಟ್ಟಿದವನು ಅಲ್ಲಿಯ ದೊರೆಯೇ. ಲೈಪ್‌ಜಿಗ್ಗಿನಲ್ಲಿ ಹಾಗಾಗಲಿಲ್ಲ. 1743ರಲ್ಲಿ ಊರಿನ ವರ್ತಕರೂ ಕುಲೀನರೂ ಸೇರಿ ಹದಿನಾರು ಮಂದಿ, ಹದಿನಾರು ವಾದಕರ ವೆಚ್ಚವನ್ನು ತಾವೇ ಹೊತ್ತರು. ಮೊದಲು ಮನೆಗಳಲ್ಲಿ, ಬಳಿಕ ‘ಮೂರು ಹಂಸ’ವೆಂಬ ತಂಗುಮನೆಯಲ್ಲಿ ಕಚೇರಿಗಳು ನಡೆದವು. 1781ರಲ್ಲಿ ಜವಳಿ ವ್ಯಾಪಾರಿಗಳ ಮಳಿಗೆಯ ಮೇಲಂತಸ್ತಿನಲ್ಲಿಯೇ ಸಭಾಂಗಣವು ಸಿದ್ಧವಾಯಿತು. ಕೆಳಗೆ ಬಟ್ಟೆಯ ಮೊಳ, ಮೇಲೆ ನಾದದ ಮೊಳ! 1825-26ರ ಹಂಗಾಮಿನಲ್ಲಿ ಈ ಮಂದಿ ಬೀಥೋವನ್ನನ ಒಂಬತ್ತು ಮಹಾಕೃತಿಗಳನ್ನೂ ನುಡಿಸಿ ಮುಗಿಸಿದರು. ಕೃತಿಕಾರನು ಆಗಿನ್ನೂ ವಿಯೆನ್ನಾದಲ್ಲಿ ಬದುಕಿದ್ದನು.

1835ರಲ್ಲಿ ಇಪ್ಪತ್ತಾರರ ಪ್ರಾಯದ ಮೆಂಡೆಲ್‌ಸೋನನು ನಾಯಕನಾಗಿ ಬಂದನು. ವಾದಕರ ಸಂಬಳ ಹೆಚ್ಚಬೇಕೆಂದು ಊರಿನ ಹಿರಿಯರೊಡನೆ ವಾದಿಸಿದನು; 1843ರಲ್ಲಿ ಸಂಗೀತ ವಿದ್ಯಾಲಯವನ್ನು ತೆರೆಯಿಸಿದನು. ನೂರು ವರ್ಷಗಳಾಗುವಷ್ಟರಲ್ಲಿ, 1936ರಲ್ಲಿ, ಅವನು ಯೆಹೂದಿ ಕುಲದವನೆಂಬ ಒಂದೇ ಕಾರಣಕ್ಕಾಗಿ ನಾಜಿಗಳು ಸಭಾಭವನದ ಮುಂದಿನ ಅವನ ಪ್ರತಿಮೆಯನ್ನು ಕಿತ್ತು ತೆಗೆದರು. ಅದರ ಪ್ರತಿರೂಪವು ಪುನಃ ನಿಂತದ್ದು 2008ರಲ್ಲಿ. ಸ್ವದೇಶಾಭಿಮಾನವು ದ್ವೇಷವಾಗಿ ಹುಳಿತಾಗ ತನ್ನ ಮನೆಯ ದೀಪವನ್ನೇ ಆರಿಸುವುದೆಂದು, ರಾಷ್ಟ್ರಾಭಿಮಾನಿಗಳಾದ ನಾವು ಇದನ್ನು ಬರೆಯುವಾಗ ಮನಸ್ಸು ಹಿಂಡುತ್ತದೆ. ಮುಂದೆ ಯುದ್ಧದ ಬಾಂಬುಗಳು ಸಭಾಭವನವನ್ನೇ ಹಾಳುಮಾಡಿದವು. ವಾದಕರು ಮೃಗಾಲಯದ ಬಳಿಯ ಸಭಾಗೃಹವೊಂದರಲ್ಲಿ ಮೂವತ್ತೈದು ವರ್ಷ ನುಡಿಸಿಕೊಂಡಿದ್ದು, 1981ರಲ್ಲಿ ಹೊಸ ಭವನವನ್ನು ಹೊಕ್ಕರು. ಇಂದು ಸುಮಾರು 185 ಮಂದಿಯ ಈ ಬಳಗವೇ ಕಚೇರಿಯನ್ನೂ, ಗೀತನಾಟಕದ ಹಿಮ್ಮೇಳವನ್ನೂ, ಸಂತ ತೋಮಾಸರ ಇಗರ್ಜಿಯಲ್ಲಿ ಬಾಖನ ಕೃತಿಗಳನ್ನೂ ನಡೆಸಿಕೊಂಡು ಬರುತ್ತಿದೆ.

ನಮ್ಮ ನಾಡಿಗೆ ಇಂಥ ವಾದ್ಯವೃಂದವು ಹೊಸತೇನಲ್ಲ. ಮೈಸೂರು ಅರಮನೆಯಲ್ಲಿ ಆಟೋ ಶ್ಮಿಟ್ ಎಂಬ ಜರ್ಮನನು ಬ್ಯಾಂಡಿನ ಗುರುವಾಗಿದ್ದನು. ಜಯಚಾಮರಾಜ ಒಡೆಯರು 1948ರಲ್ಲಿ ಲಂಡನ್ನಿನ ಫಿಲ್‌ಹಾರ್ಮೋನಿಯಾ ಕಚೇರಿ ಸಂಘದ ಪ್ರಥಮಾಧ್ಯಕ್ಷರಾದರು. ರಿಖರ್ಡ್ ಸ್ಟ್ರೌಸನ ಕೊನೆಯ ಗೀತೆಗಳು 1950ರ ಮೇ 22ರಂದು ಅಲ್ಲಿ ಮೊದಲಬಾರಿ ಕೇಳಿಬಂದುದು ಅವರ ಧನಸಹಾಯದಿಂದ. ಆದರೆ ಅರಸೊತ್ತಿಗೆಯ ಆಸರೆ ಅರಸರೊಡನೆ ಹೋಗುತ್ತದೆ. ಅರಮನೆಯ ಬ್ಯಾಂಡಿನ ಪರಂಪರೆ ಇಂದು ಉಳಿದಿರುವುದು ಪೊಲೀಸರ ಬ್ಯಾಂಡಿನಲ್ಲಿ.

ಬಳ್ಳಾರಿಗೆ ಅರಸನ ಆಸರೆಯಿರಲಿಲ್ಲ. ಆದರೂ ಈ ಊರಿನ ವಕೀಲರಾದ ಧರ್ಮವರಂ ರಾಮಕೃಷ್ಣಮಾಚಾರ್ಯರು ಸರಸ ವಿನೋದಿನೀ ಸಭೆಯನ್ನೂ, ಕೋಲಾಚಲಂ ಶ್ರೀನಿವಾಸರಾಯರು ಸುಮನೋರಮಾ ಸಭೆಯನ್ನೂ ಕಟ್ಟಿದರು. ವಕೀಲರೇ ಆಗಿದ್ದ ರಾಘವರು (1880-1946) ಆ ಮಣ್ಣಿನಲ್ಲಿ ಬೆಳೆದು ದೇಶವೇ ಬಲ್ಲ ನಟರಾದರು. ಹಗಲು ಕೋರ್ಟು, ರಾತ್ರಿ ರಂಗ! ಸಿರುಗುಪ್ಪ, ಕುರುಗೋಡಿನ ಕಡೆಯ ಹಳ್ಳಿಗಳಲ್ಲಿಯಾದರೋ ಬಯಲಾಟವು ಎಂದೂ ಪರರ ಕೈ ಕಾದುದಿಲ್ಲ. ಸುಗ್ಗಿ ಮುಗಿದ ಮೇಲೆ ರೈತರೇ ಪಟ್ಟಿ ಹಾಕಿ, ತಿಂಗಳುಗಟ್ಟಲೆ ತಾಲೀಮು ನಡೆಯಿಸಿ, ಹಾರ್ಮೋನಿಯಂ, ಮದ್ದಳೆ, ತಾಳಗಳ ಹಿಮ್ಮೇಳದೊಡನೆ ಬೆಳಗಿನವರೆಗೆ ಆಡುತ್ತಾರೆ. ಲೈಪ್‌ಜಿಗ್ಗಿನ ಸ್ವರಲಿಪಿಯ ಶಿಸ್ತು ಇಲ್ಲಿಲ್ಲ, ನಿಜ. ಊರಿನ ಗಂಟಿನಿಂದ ಊರಿನ ಮೇಳವೆಂಬ ಮೂಲತತ್ತ್ವವಿದೆ. ಕೊರತೆಯಿರುವುದು ಒಂದೇ: ಆಟ ಮುಗಿದರೆ ಮದ್ದಳೆಗಾರನ ಸಂಬಳವೂ ಮುಗಿಯುತ್ತದೆ. ಉಳಿದ ದಿನಗಳಲ್ಲಿ ಅವನು ಕೂಲಿಗೆ ಹೋಗಬೇಕು. ಮಗನಿಗೆ ಕೈಪಾಠ ಹೇಳಲು ಅವನಿಗೆ ಹೊತ್ತೆಲ್ಲಿ? ಲೈಪ್‌ಜಿಗ್ಗಿನವರಾದರೋ ಹದಿನೆಂಟನೆಯ ಶತಮಾನವು ಮುಗಿಯುವ ಮುನ್ನವೇ ಮುಪ್ಪಿನ ವಾದಕರಿಗಾಗಿ ನಿಧಿಯನ್ನು ಕೂಡಿಸಿದ್ದರು.

ಬಳ್ಳಾರಿಯ ಜೀನ್ಸ್ ಉಡುಪು ಇಂದು ದೇಶದ ಅನೇಕ ಪೇಟೆಗಳನ್ನು ತಲಪುತ್ತಿದೆ. ಹದಿನಾರು ಅಂಗಡಿಗಳವರು ತಲಾ ಒಬ್ಬೊಬ್ಬ ಹಿಮ್ಮೇಳದವನ ವರ್ಷದ ಸಂಬಳವನ್ನು ಹೊತ್ತರೆ, ಪುಕ್ಕಟೆಯಾಗಿ ಕಲಿಸುವ ಕಟ್ಟಳೆಯೊಡನೆ ಒಂದು ಮೇಳವು ನಿಲ್ಲಬಹುದು. ಕೂಡಲು ಸ್ಥಳವನ್ನು ಹುಡುಕಬೇಕಾಗಿಲ್ಲ. ರಾಘವ ಕಲಾಮಂದಿರವು ಊರೊಳಗೇ ಇದೆ. ಮೊದಲನೆಯ ಹೆಸರು ಯಾರದೆಂಬುದನ್ನು ಅಚ್ಚುಹಾಕಲು ನಾವು ಜಾಗವನ್ನು ತೆಗೆದಿರಿಸಿದ್ದೇವೆ.