ಹಾಸನಾಂಬೆ ಬಾಗಿಲಿಗೆ ಇನ್ನೆಷ್ಟು ದಿನ? ಕಂಪ್ಯೂಟರ್ ಪರದೆ ಮೇಲೆ ಕೌಂಟ್‌ಡೌನ್ ಇಡೋದು ಹೀಗೆ

(ಪಾಡ್‌ಕಾಸ್ಟ್ ಸಂಚಿಕೆಯ ಬರಹ ರೂಪ)

ಹಾಸನದ ಬಸ್ ಸ್ಟ್ಯಾಂಡಲ್ಲಿ ಹೊಳೆನರಸೀಪುರದ ಬಸ್‌ಗೆ ಕಾಯ್ತಾ ಕೇಳ್ತಿರೋರಿಗೂ, ಅರಕಲಗೂಡಲ್ಲಿ, ಚನ್ನರಾಯಪಟ್ಟಣದಲ್ಲಿ ಓದ್ತಾ ಓದ್ತಾ ಕೇಳ್ತಿರೋರಿಗೂ ಸ್ವಾಗತ.

ನಮ್ಮ ಜಿಲ್ಲೆಯವರಿಗೆ ದಿನ ಎಣಿಸೋದು ಹೊಸದಲ್ಲ. ಹಾಸನಾಂಬೆ ಗುಡಿ ಬಾಗಿಲು ತೆಗೆಯೋದು ವರ್ಷಕ್ಕೊಂದೇ ಸಲ. ಆಶ್ವಯುಜ ಹುಣ್ಣಿಮೆ ಕಳೆದು ಬರೋ ಗುರುವಾರ ತೆಗೆದ್ರೆ, ಬಲಿಪಾಡ್ಯಮಿ ಆದ್ಮೇಲೆ ಮುಚ್ತಾರೆ. ಅದಕ್ಕೆ ‘ಇನ್ನೆಷ್ಟು ದಿನ’ ಅಂತ ತೋರಿಸೋ ಸ್ಕ್ರೀನ್ ಸೇವರ್ ಇದ್ರೆ ಚೆಂದ ಅಲ್ವಾ? ಇವತ್ತು ಅದನ್ನ ಇಡೋದು ಹೇಗೆ, ಎಲ್ಲಿ ಎಡವ್ತೀವಿ, ಎರಡನ್ನೂ ನೋಡೋಣ.

ವಿಂಡೋಸ್‌ನಲ್ಲಿ ಏನಿದೆ, ಏನಿಲ್ಲ

ಹಳೇ ಡಬ್ಬಾ ಮಾನಿಟರ್‌ಗಳಲ್ಲಿ ಒಂದೇ ಚಿತ್ರ ಗಂಟೆಗಟ್ಟಲೆ ನಿಂತ್ರೆ ಅದರ ಅಚ್ಚು ಪರದೆ ಮೇಲೆ ಉಳಿದುಬಿಡ್ತಿತ್ತು. ಅದನ್ನ ತಪ್ಪಿಸೋಕೆ ಬಂದಿದ್ದು ಸ್ಕ್ರೀನ್ ಸೇವರ್. ಈಗಿನ ಎಲ್‌ಸಿಡಿ ಪರದೆಗೆ ಆ ಕಾಟ ಇಲ್ಲ. ಹಾಗಾಗಿ ಇದು ಈಗ ಅಲಂಕಾರ, ಇಲ್ಲಾಂದ್ರೆ ನೆನಪಿನ ಓಲೆ. ಕರೆಂಟ್ ಏನೂ ಉಳಿಯಲ್ಲ. ಉಳೀಬೇಕಂದ್ರೆ ಪರದೆ ಆಫ್ ಆಗ್ಬೇಕು.

ವಿಂಡೋಸ್ 10 ಅಥವಾ 11ರಲ್ಲಿ ಸೆಟ್ಟಿಂಗ್ಸ್ ತೆಗೀರಿ. ಪರ್ಸನಲೈಸೇಷನ್, ಅದರೊಳಗೆ ಲಾಕ್ ಸ್ಕ್ರೀನ್, ಕೆಳಗಡೆ ಸ್ಕ್ರೀನ್ ಸೇವರ್. ಅಲ್ಲಿ ಬಬಲ್ಸ್, ರಿಬ್ಬನ್ಸ್, ಫೋಟೋಸ್, 3ಡಿ ಟೆಕ್ಸ್ಟ್ ಇರ್ತವೆ. ಕೌಂಟ್‌ಡೌನ್ ಮಾತ್ರ ಇಲ್ಲ. 3ಡಿ ಟೆಕ್ಸ್ಟ್ ಈಗ ಎಷ್ಟು ಗಂಟೆ ಅಂತ ತೋರಿಸುತ್ತೆ, ನೀವು ಬರೆದಿದ್ದನ್ನೂ ತಿರುಗಿಸುತ್ತೆ. ದಿನ ಕಳೆಯೋಕೆ ಅದಕ್ಕೆ ಬರಲ್ಲ. ಅಂದ್ರೆ ಹೊರಗಿಂದ ಒಂದನ್ನ ಹಾಕ್ಕೊಳ್ಳಲೇಬೇಕು.

ಇಲ್ಲೇ ಹುಷಾರು. ಸ್ಕ್ರೀನ್ ಸೇವರ್ ಫೈಲಿನ ಹೆಸರು ‘ಡಾಟ್ ಎಸ್‌ಸಿಆರ್’ ಅಂತ ಮುಗಿಯುತ್ತೆ. ಅದು ಫೋಟೋ ಥರ ಸುಮ್ನೆ ಕೂರೋ ಫೈಲಲ್ಲ, ಪೂರ್ತಿ ಒಂದು ಪ್ರೋಗ್ರಾಂ. ತೆರೆದ ತಕ್ಷಣ ಓಡುತ್ತೆ, ಅದರೊಳಗೆ ವೈರಸ್ ಇದ್ರೆ ಅದೂ ಓಡುತ್ತೆ. ವಾಟ್ಸ್ಆ್ಯಪ್‌ನಲ್ಲಿ ಯಾರೋ ಕಳಿಸಿದ್ದು, ಯಾರದ್ದೋ ಪೆನ್‌ಡ್ರೈವ್‌ನಲ್ಲಿ ಬಂದಿದ್ದು ಬೇಡ. ತಯಾರಿಸಿದವರ ಸ್ವಂತ ತಾಣದಿಂದಲೇ ಇಳಿಸ್ಕೊಳಿ, ಒಂದ್ಸಲ ಸ್ಕ್ಯಾನ್ ಮಾಡಿ. ಆಮೇಲೆ ಅದರ ಮೇಲೆ ರೈಟ್ ಕ್ಲಿಕ್ ಮಾಡಿ ಇನ್‌ಸ್ಟಾಲ್ ಒತ್ತಿ. ಕಾಲೇಜ್ ಲ್ಯಾಬಿನ ಕಂಪ್ಯೂಟರ್ ಆದ್ರೆ ಮೇಷ್ಟ್ರನ್ನ ಕೇಳದೆ ಕೈ ಹಾಕ್ಬೇಡಿ.

ತಾರೀಖು: ಜಾಸ್ತಿ ಜನ ಎಡವೋದು ಇಲ್ಲೇ

ಹಾಸನಾಂಬೆ ಬಾಗಿಲು 2023ರಲ್ಲಿ ತೆಗೆದಿದ್ದು ನವೆಂಬರ್ 2ಕ್ಕೆ, 2024ರಲ್ಲಿ ಅಕ್ಟೋಬರ್ 24ಕ್ಕೆ, 2025ರಲ್ಲಿ ಅಕ್ಟೋಬರ್ 9ಕ್ಕೆ. ಚಾಂದ್ರಮಾನದ ವರ್ಷ ಸುಮಾರು 354 ದಿನದ್ದು, ಕ್ಯಾಲೆಂಡರ್ ವರ್ಷಕ್ಕಿಂತ 11 ದಿನ ಕಮ್ಮಿ. ಹಂಗಾಗಿ ಹಬ್ಬ ಹಿಂದಕ್ಕೆ ಸರೀತಾ ಬರುತ್ತೆ. ಅಧಿಕ ಮಾಸ ಬಂದಾಗ ಮತ್ತೆ ಮುಂದಕ್ಕೆ ಹೋಗುತ್ತೆ. ಆದ್ದರಿಂದ ‘ಪ್ರತಿ ವರ್ಷ ರಿಪೀಟ್’ ಅನ್ನೋ ಆಯ್ಕೆ ಕಂಡ್ರೆ ಅದನ್ನ ಬಿಟ್ಬಿಡಿ. ಅದು ಹುಟ್ಟಿದ ದಿನಕ್ಕೆ ಸರಿ, ಹಾಸನಾಂಬೆಗಲ್ಲ. ಪ್ರತಿ ವರ್ಷ ಜಿಲ್ಲಾಡಳಿತ ದಿನ ಹೇಳಿದ ಮೇಲೆ ಹೊಸದಾಗಿ ಹಾಕಿ.

ಇನ್ನೊಂದು. 9/10 ಅಂತ ಹೊಡೆದ್ರೆ ನಮಗದು ಅಕ್ಟೋಬರ್ 9. ಅಮೆರಿಕದ ರೀತಿ ಬರೆದ ಪ್ರೋಗ್ರಾಂಗೆ ಅದು ಸೆಪ್ಟೆಂಬರ್ 10! ಒಂದು ತಿಂಗಳೇ ಹೋಯ್ತು. ತಾರೀಖು ಹಾಕಿದ ಮೇಲೆ ಗೋಡೆ ಕ್ಯಾಲೆಂಡರ್ ನೋಡಿ ಬೆರಳೆಣಿಸಿ, ಪರದೆಯ ಲೆಕ್ಕ ತಾಳೆ ಆಗುತ್ತಾ ಅಂತ ನೋಡಿ. ಸಮಯ ಹಾಕದಿದ್ರೆ ಸಾಮಾನ್ಯವಾಗಿ ಮಧ್ಯರಾತ್ರಿ 12ಕ್ಕೇ ಎಣಿಕೆ ಮುಗಿಯುತ್ತೆ, ಅದೂ ಗೊತ್ತಿರಲಿ. ಮತ್ತೆ, ಬಾಗಿಲು ತೆಗೆಯೋ ದಿನವೂ ಮುಚ್ಚೋ ದಿನವೂ ಸಾರ್ವಜನಿಕ ದರ್ಶನ ಇರಲ್ಲ. ದರ್ಶನಕ್ಕೆ ಹೋಗೋರು ಎಣಿಸ್ಬೇಕಾದ್ದು ಮಾರನೇ ದಿನಕ್ಕೆ.

ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳದ ಮಹಾಮಸ್ತಕಾಭಿಷೇಕ ಇನ್ನೂ ದೂರದ ಎಣಿಕೆ. ಹನ್ನೆರಡು ವರ್ಷಕ್ಕೊಮ್ಮೆ ಅಂತೀವಿ. ಆದ್ರೆ ನಡೆದಿದ್ದು 1993ರ ಡಿಸೆಂಬರ್‌ನಲ್ಲಿ, ಆಮೇಲೆ 2006ರ ಫೆಬ್ರವರಿ, 2018ರ ಫೆಬ್ರವರಿ. ಮುಂದಿನದು 2030 ಅಂತ ಲೆಕ್ಕ ಹಾಕಬಹುದು, ದಿನ ಗೊತ್ತಾಗೋವರೆಗೆ ಸೆಕೆಂಡ್ ಓಡಿಸಿ ಏನು ಪ್ರಯೋಜನ?

ನಿಮ್ಮದಾಗಿಸ್ಕೊಳ್ಳೋದು

ಹಿನ್ನೆಲೆಗೆ ನೀವೇ ತೆಗೆದ ಫೋಟೋ ಹಾಕಿ: ಹೊಳೆನರಸೀಪುರದ ಹೇಮಾವತಿ, ಇಲ್ಲಾ ಮನೆ ಮುಂದಿನ ಹೊಲ. ಅಂಕಿ ಎದ್ದು ಕಾಣೋಕೆ ಸ್ವಲ್ಪ ಮಬ್ಬಾಗಿರೋ ಚಿತ್ರ ಒಳ್ಳೇದು. ಕನ್ನಡದ ಬದಲು ಚೌಕ ಚೌಕ ಡಬ್ಬಿ ಬಂದ್ರೆ ಫಾಂಟ್ ಬದಲಾಯಿಸಿ. ವಿಂಡೋಸ್ ಜೊತೆಗೇ ಬರೋ ನಿರ್ಮಲಾ ಯುಐನಲ್ಲಿ ಕನ್ನಡ ಇದೆ. ಹಳೇ ನುಡಿ ಫೈಲಿಂದ ಕಾಪಿ ಮಾಡಿದ್ದು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರ ಆಗಿ ಬರಬಹುದು, ಯೂನಿಕೋಡ್‌ನಲ್ಲಿ ಮತ್ತೆ ಟೈಪ್ ಮಾಡಿ.

‘ವೇಟ್’ ಅನ್ನೋ ಕಡೆ 3 ನಿಮಿಷ ಇಡಿ. ಪವರ್ ಸೆಟ್ಟಿಂಗ್‌ನಲ್ಲಿ ಪರದೆ ಆಫ್ ಆಗೋ ಸಮಯ ಅದಕ್ಕಿಂತ ಜಾಸ್ತಿ ಇರಲಿ, 10 ನಿಮಿಷ ಅನ್ಕೊಳಿ. ಇಲ್ದಿದ್ರೆ ಕೌಂಟ್‌ಡೌನ್ ಬರೋ ಮುಂಚೆನೇ ಪರದೆ ಕಪ್ಪಾಗುತ್ತೆ. ‘ಏನೂ ಬರ್ತಿಲ್ಲ’ ಅನ್ನೋರು ಮೊದಲು ಇದನ್ನೇ ನೋಡಿ. ಹಾಸ್ಟೆಲಲ್ಲಿ ಇರೋರು ವಾಪಸ್ ಬಂದಾಗ ಪಾಸ್‌ವರ್ಡ್ ಕೇಳೋ ಆಯ್ಕೆಗೂ ಟಿಕ್ ಹಾಕಿ.

ಪರೀಕ್ಷೆಗೆ ಇಡೋರಿಗೆ ಒಂದು ಮಾತು

ಎಸ್ಸೆಸ್ಸೆಲ್ಸಿ, ಪಿಯುಸಿಯವರು ಇದನ್ನ ಪರೀಕ್ಷೆಗೇ ಇಡ್ತೀರ, ಗೊತ್ತು. ಸೆಕೆಂಡ್ ತೋರಿಸೋದನ್ನ ಆಫ್ ಮಾಡಿ. ಓಡೋ ಅಂಕಿ ನೋಡ್ತಾ ಎದೆ ಡವಡವ ಅನ್ನುತ್ತೆ ಹೊರತು ಒಂದು ಪುಟಾನೂ ಮುಂದೆ ಹೋಗಲ್ಲ. ದಿನ ಮಾತ್ರ ಇರಲಿ, ಕೆಳಗೆ ಒಂದು ಸಾಲು: ‘ಇವತ್ತು ಗಣಿತ, ಒಂದೇ ಪಾಠ.’ ವರ್ಷಕ್ಕೆ ಒಂದಕ್ಕಿಂತ ಹೆಚ್ಚು ಪರೀಕ್ಷೆ ಇವೆ ಅನ್ನೋದನ್ನೂ ನೆನಪಿಡಿ. ಸೊನ್ನೆ ಬಂದ ಮಾತ್ರಕ್ಕೆ ಎಲ್ಲ ಮುಗೀತು ಅಂತಲ್ಲ.

ಕಂಪ್ಯೂಟರ್ ಇಲ್ವಾ? ಫೋನಿನ ಮುಖಪುಟಕ್ಕೆ ಕೌಂಟ್‌ಡೌನ್ ವಿಜೆಟ್ ಹಾಕ್ಕೊಳಿ, ತಾರೀಖಿನ ಲೆಕ್ಕ ಅಲ್ಲೂ ಇದೇ. ನೀವು ಯಾವ ದಿನಕ್ಕೆ ಎಣಿಸ್ತಿದೀರ, ನಮಗೂ ಹೇಳಿ. ಮುಂದಿನ ಸಂಚಿಕೆಯಲ್ಲಿ ಸಿಗೋಣ.